ಪಹಣಿಯಲ್ಲಿ 4-12 ಇದೆ, ಭಾಗಕ್ಕೆ ಸಿಗುವುದೆಷ್ಟು?

ಉತ್ತರಿಸುವವರು: ಭೂಮಾಪನ ಇಲಾಖೆಯ ನಿವೃತ್ತ ಅಧಿಕಾರಿ

ಪ್ರಶ್ನೆ: ತಂದೆ ತೀರಿಕೊಂಡು ನಾಲ್ಕು ವರ್ಷವಾಯಿತು. ನಾವು ಮೂವರು ಅಣ್ಣತಮ್ಮಂದಿರು ಜಮೀನು ಭಾಗ ಮಾಡಿಕೊಳ್ಳಬೇಕೆಂದಿದ್ದೇವೆ. ಪಹಣಿಯಲ್ಲಿ ಒಟ್ಟು ವಿಸ್ತೀರ್ಣ 4-12, ಫೂಟ್ ಖರಾಬು ಅ 0-05, ಬ 0-08, ಉಳಿಕೆ 3-39 ಎಂದಿದೆ. ‘ಕಂದಾಯ ಕಟ್ಟಿದ್ದು ಇಡೀ ಜಮೀನಿಗೆ, 4-12ನ್ನೇ ಮೂರು ಪಾಲು ಮಾಡೋಣ’ ಎಂದು ದೊಡ್ಡಣ್ಣನ ವಾದ. ಕೆಳಗಿನ ಹೊಲದವರ ಗಾಡಿ ನಮ್ಮ ಜಮೀನಿನ ಮೇಲೇ ಹೋಗುತ್ತದೆ. ಆ ದಾರಿಯನ್ನೂ ಉತ್ತು ಸೇರಿಸಿಕೊಳ್ಳಬೇಕಂತೆ. ತಂದೆ ಯಾವತ್ತೋ ತೀರಿಸಿದ ಬೆಳೆಸಾಲ 11ನೇ ಕಾಲಂನಲ್ಲಿ ಇನ್ನೂ ಇದೆ. ಏನು ಮಾಡಬೇಕು?

ಉತ್ತರ: ಮೊದಲು ಲೆಕ್ಕ. 4-12 ಅಂದರೆ 4 ಎಕರೆ 12 ಗುಂಟೆ. ಮೊಬೈಲಿನಲ್ಲಿ 4.12 ಎಂದು ಒತ್ತಿ ಮೂರರಿಂದ ಭಾಗಿಸುವವರು ತುಂಬಾ ಜನ. ಎಕರೆಗೆ 40 ಗುಂಟೆ, ಗುಂಟೆಗೆ 16 ಆಣೆ, ಒಂದು ಗುಂಟೆಗೆ 1,089 ಚದರಡಿ. ಎಲ್ಲವನ್ನೂ ಗುಂಟೆಗೆ ಇಳಿಸಿಕೊಂಡರೆ ಜಗಳ ಅರ್ಧ ಕಡಿಮೆಯಾಗುತ್ತದೆ. ನಿಮ್ಮದು 172 ಗುಂಟೆ. ಖರಾಬು 13 ಕಳೆದರೆ 159, ಅಂದರೆ ಪಹಣಿಯಲ್ಲಿರುವ 3-39. ಮೂವರಿಗೆ ಹಂಚಿದರೆ ತಲಾ 53 ಗುಂಟೆ, 1-13.

ನಿಮ್ಮ ದೊಡ್ಡಣ್ಣನವರ ಮಾತು ತಿರುಗುಮುರುಗಾಗಿದೆ. ಖರಾಬಿಗೆ ಕಂದಾಯವೇ ಇಲ್ಲ. ಪಹಣಿಯ ಕಂದಾಯದ ಕಾಲಂನಲ್ಲಿರುವ ನಾಲ್ಕಾರು ರೂಪಾಯಿ ‘ಆಕಾರ’ ಉಳಿಕೆ 3-39ಕ್ಕೆ ಮಾತ್ರ ಕಟ್ಟಿದ್ದು. ಸರ್ವೆಯವರು ಅಳೆದಾಗ ಬೇಸಾಯಕ್ಕೆ ಬಾರದ್ದು, ಸಾರ್ವಜನಿಕರಿಗೆ ಬಿಟ್ಟದ್ದು ಎಂದು ಬೇರೆ ತೆಗೆದ ಜಾಗಕ್ಕೆ ಖರಾಬು ಎನ್ನುತ್ತಾರೆ. ಎರಡೂ ಖರಾಬು ಒಂದೇ ಅಲ್ಲ ಎಂಬುದು 1966ರ ಕರ್ನಾಟಕ ಭೂಕಂದಾಯ ನಿಯಮಗಳ 21ನೇ ನಿಯಮದಲ್ಲಿದೆ. ‘ಅ’ ಖರಾಬು ಎಂದರೆ ಬಂಡೆ, ಕೊರಕಲು, ನಿಮ್ಮದೇ ಕಣ, ಹೊಲದ ಮನೆ ಇಂಥವು. ಆ 5 ಗುಂಟೆ ನಿಮ್ಮ ಹಿಡುವಳಿಯೊಳಗೇ ಇರುತ್ತದೆ. ಯಾರ ಪಾಲಿನ ಕಡೆ ಬೀಳುತ್ತದೋ ಅವರಿಗೆ ಹೋಗಲಿ, ಇಲ್ಲವೇ ಮೂವರೂ ಕಣವನ್ನು ಜಂಟಿಯಾಗಿ ಇಟ್ಟುಕೊಳ್ಳಿ. ‘ಬ’ ಖರಾಬು ಹಾಗಲ್ಲ. ದಾರಿ, ಬೇರೆಯವರೂ ನೀರು ಬಳಸುವ ಹಳ್ಳ, ಕೆರೆ, ಸ್ಮಶಾನ, ಕುಂಬಾರರ ಮಣ್ಣಿಗೆ ಬಿಟ್ಟ ಜಾಗ ಇದರಲ್ಲಿ ಬರುತ್ತವೆ. ಅದು ನಿಮ್ಮ ಸರ್ವೆ ನಂಬರಿನೊಳಗೇ ಇದ್ದರೂ ಭಾಗ ಮಾಡುವುದಕ್ಕಾಗಲಿ ಮಾರುವುದಕ್ಕಾಗಲಿ ಬರುವುದಿಲ್ಲ.

ದಾರಿಯ ವಿಷಯಕ್ಕೆ ಬರೋಣ. ಗ್ರಾಮ ನಕ್ಷೆ ತೆಗೆಸಿ ನೋಡಿ. ಎರಡು ಸಾಲು ಚುಕ್ಕೆ ಗೆರೆ ನಿಮ್ಮ ನಂಬರನ್ನು ದಾಟಿ ಹೋಗಿದ್ದರೆ ಅದು ಬಂಡಿದಾರಿ, ಒಂದೇ ಸಾಲಾದರೆ ಕಾಲುದಾರಿ. ಆ 8 ಗುಂಟೆ ಬಹುಶಃ ಅದೇ. ಖಚಿತಪಡಿಸಿಕೊಳ್ಳಲು ನಿಮ್ಮ ನಂಬರಿನ ಟಿಪ್ಪಣಿಯ (ಮೂಲ ಸರ್ವೆಯ ಅಳತೆ ದಾಖಲೆ) ನಕಲು ಬೇಕು. ಮೂಲ ಅಳತೆಯಲ್ಲಿ ಖರಾಬು ಎಲ್ಲಿ ಬಿಟ್ಟಿದ್ದಾರೆಂದು ಅದರಲ್ಲಿ ಗೀಟು ಹಾಕಿ ತೋರಿಸಿರುತ್ತಾರೆ. ಒಂದು ವೇಳೆ ದಾರಿ ನಕ್ಷೆಯಲ್ಲಿ ಇಲ್ಲದೇ ಹೋದರೂ ನೇಗಿಲು ಹೂಡಲು ಅವಸರಪಡಬೇಡಿ. 20 ವರ್ಷ ಅಡೆತಡೆಯಿಲ್ಲದೆ, ಹಕ್ಕಿನಿಂದ ಓಡಾಡಿದ ದಾರಿಗೆ 1882ರ ಅನುಭೋಗದ ಹಕ್ಕುಗಳ ಕಾಯಿದೆಯ ರಕ್ಷಣೆ ಇದೆ. ಎಂಟು ಗುಂಟೆ ರಾಗಿಗಾಗಿ ಕೋರ್ಟು ಅಲೆಯುವ ಕುಟುಂಬಗಳನ್ನು ಬೇಕಾದಷ್ಟು ನೋಡಿದ್ದೇನೆ. ವಕೀಲರ ಫೀಜಿಗೂ ಆ ರಾಗಿ ಸಾಲುವುದಿಲ್ಲ.

ಇನ್ನೊಂದನ್ನು ನೀವು ಬರೆದಿಲ್ಲ, ನಾನೇ ಕೇಳುತ್ತೇನೆ. ತಾಯಿ ಇದ್ದಾರಾ? ಅಕ್ಕತಂಗಿಯರು? ಇದ್ದರೆ ಮೂರು ಪಾಲು ಎಂಬ ಲೆಕ್ಕವೇ ತಪ್ಪು. ಹಿಂದೂ ಉತ್ತರಾಧಿಕಾರ ಕಾಯಿದೆಗೆ 2005ರಲ್ಲಾದ ತಿದ್ದುಪಡಿಯ ನಂತರ ಪಿತ್ರಾರ್ಜಿತದಲ್ಲಿ ಮಗಳಿಗೂ ಮಗನಷ್ಟೇ ಹಕ್ಕು. ತಂದೆಯ ಸ್ವಯಾರ್ಜಿತವಾಗಿದ್ದು ವಿಲ್ ಇಲ್ಲದಿದ್ದರೆ ತಾಯಿಯೂ ಸಮಪಾಲಿಗೆ ಬರುತ್ತಾರೆ. ‘ಅರಿಶಿನ ಕುಂಕುಮಕ್ಕೆ ಕೊಟ್ಟಿದ್ದೇವೆ’ ಎನ್ನುವುದು ದಾಖಲೆಯಲ್ಲಿ ನಡೆಯುವುದಿಲ್ಲ. ಅವರಾಗಿಯೇ ಬಿಟ್ಟುಕೊಡುವುದಾದರೆ ಹಕ್ಕು ಬಿಡುಗಡೆ ಪತ್ರ ನೋಂದಣಿಯಾಗಬೇಕು.

ಕೆಲಸ ಹೀಗೆ ಹಿಡಿಯಿರಿ. ಮೊದಲು ವಂಶವೃಕ್ಷ ಇಟ್ಟು ತೀರಿಕೊಂಡವರ ಹೆಸರಿನಿಂದ ಖಾತೆ ಬದಲಾವಣೆ, ಅಂದರೆ ಪೌತಿ ಖಾತೆ ಮಾಡಿಸಿ, ಎಲ್ಲ ವಾರಸುದಾರರ ಹೆಸರು ಪಹಣಿಯಲ್ಲಿ ಮಾಲೀಕರ ಹೆಸರಿರುವ 9ನೇ ಕಾಲಂಗೆ ಬರಲಿ. ಆಮೇಲೆ ಯಾರದು ಎಲ್ಲಿ ಎಂದು ಒಪ್ಪಿಕೊಂಡು, ಭಾಗವಾಗುವ ತುಂಡುಗಳನ್ನು ಅಳೆದು ತೋರಿಸುವ 11ಇ ನಕ್ಷೆಗೆ ಅರ್ಜಿ ಹಾಕಿ. ಸರ್ವೆಯರ್ ಬಂದು ಅಳೆದು ನಕ್ಷೆ ಕೊಟ್ಟ ನಂತರ ವಿಭಾಗ ಪತ್ರದ ನೋಂದಣಿ, ಅದರ ಹಿಂದೆ ಮ್ಯುಟೇಶನ್ (ದಾಖಲೆಯಲ್ಲಿ ಹಕ್ಕು ಬದಲಾವಣೆ), ಪೋಡಿ (ಸರ್ವೆ ನಂಬರನ್ನು ಅಳೆದು ಬೇರೆ ಬೇರೆ ಮಾಡುವುದು). ಆಗ ಒಬ್ಬೊಬ್ಬರಿಗೂ ಬೇರೆ ಹಿಸ್ಸಾ ನಂಬರ್, ಬೇರೆ ಪಹಣಿ. ಅಳತೆಗೆ ಮುಂಚೆ ಪಹಣಿಯನ್ನು ಆಕಾರಬಂದ್ (ಸರ್ವೆ ಇಲಾಖೆಯ ವಿಸ್ತೀರ್ಣ, ಕಂದಾಯದ ದಾಖಲೆ) ಜೊತೆ ತಾಳೆ ನೋಡಿಕೊಳ್ಳಿ. ವಿಸ್ತೀರ್ಣ ಎರಡರಲ್ಲೂ ಒಂದೇ ಇರಬೇಕು. ಕೈಬರಹದ ಪಹಣಿ ಕಂಪ್ಯೂಟರಿಗೆ ಏರಿದಾಗ ಒಂದೆರಡು ಗುಂಟೆ ಅತ್ತಿತ್ತ ಆದದ್ದುಂಟು. ತಿದ್ದುಪಡಿ ಮಾಡಿಸದೆ ಹೋದರೆ ಫೈಲು ಅಲ್ಲೇ ನಿಲ್ಲುತ್ತದೆ.

ಸಾಲದ್ದು ಸಣ್ಣ ಕೆಲಸ. ಬ್ಯಾಂಕಿನಿಂದ ಸಾಲ ತೀರಿದ ಪತ್ರ ತೆಗೆದುಕೊಂಡು ಋಣ ತೆಗೆಸಿ. ಭಾಗಕ್ಕೆ ಮೊದಲೇ ಮಾಡಿಸಿ, ಇಲ್ಲದಿದ್ದರೆ ಆ ಋಣ ಎಲ್ಲರ ಪಹಣಿಗೂ ಹಂಚಿಹೋದೀತು.

ಪ್ರಶ್ನೆ: ತಾತನಿಗೆ ದರ್ಖಾಸ್ತಿನಲ್ಲಿ (ಸರ್ಕಾರಿ ಜಮೀನಿಗೆ ಹಾಕಿದ ಅರ್ಜಿಯ ಮೇಲೆ) 2 ಎಕರೆ ಮಂಜೂರಾಗಿತ್ತು. ಪಹಣಿಯಲ್ಲಿ ಸರ್ವೆ ನಂಬರ್ ಮುಂದೆ ‘ಪಿ4’ ಎಂದಿದೆ. ಕೊಳ್ಳುವವರು ‘ಪಿ ನಂಬರ್ ಬೇಡ’ ಅನ್ನುತ್ತಾರೆ. ಯಾಕೆ?

ಉತ್ತರ: ಪಿ ಎಂದರೆ ಪೈಕಿ. ದೊಡ್ಡ ಸರ್ಕಾರಿ ನಂಬರಿನ ಪೈಕಿ ನಿಮಗೆ 2 ಎಕರೆ ಎಂದು ಕಾಗದದಲ್ಲಿ ಆಗಿದೆ, ಅದು ಯಾವ ಮೂಲೆ ಎಂದು ಅಳೆದು ಬಾಂದುಕಲ್ಲು ನೆಟ್ಟಿಲ್ಲ. ಕೊಳ್ಳುವವರು ಹೆದರುವುದರಲ್ಲಿ ತಪ್ಪಿಲ್ಲ. ದರ್ಖಾಸ್ತು ಪೋಡಿಗೆ ಅರ್ಜಿ ಕೊಡಿ. ಮಂಜೂರಾದಾಗ ಕೊಟ್ಟ ಸಾಗುವಳಿ ಚೀಟಿಯ ಮೂಲ ಪ್ರತಿ ಮನೆಯಲ್ಲಿದೆಯೇ ಹುಡುಕಿ, ಮಂಜೂರಾತಿ ಕಡತ ತಾಲ್ಲೂಕು ಕಚೇರಿಯ ದಾಖಲೆ ಕೊಠಡಿಯಲ್ಲಿ ಸಿಗುತ್ತದೆಯೇ ನೋಡಿ. ಕಡತ ಸಿಗದೆ ನಿಂತುಹೋದ ಪೋಡಿಗಳೇ ಜಾಸ್ತಿ. ಕೆಲವು ನಂಬರಿನಲ್ಲಿ ಇರುವ ಜಾಗಕ್ಕಿಂತ ಮಂಜೂರಾದದ್ದೇ ಹೆಚ್ಚಿರುತ್ತದೆ, ಅಲ್ಲಿ ಅನುಭವದಲ್ಲಿರುವವರನ್ನೆಲ್ಲ ಒಟ್ಟಿಗೆ ಕೂರಿಸದೆ ಅಳತೆ ಮುಗಿಯುವುದಿಲ್ಲ. ನಿಮ್ಮ ತಾತ ಪರಿಶಿಷ್ಟ ಜಾತಿ ಅಥವಾ ಪಂಗಡದವರಾಗಿದ್ದರೆ ಪೋಡಿಯಾದರೂ ಸರ್ಕಾರದ ಪೂರ್ವಾನುಮತಿ ಇಲ್ಲದೆ ಮಾರುವಂತಿಲ್ಲ. 1978ರ ಪಿಟಿಸಿಎಲ್ (ಪರಿಶಿಷ್ಟರಿಗೆ ಮಂಜೂರಾದ ಜಮೀನಿನ ಪರಭಾರೆ ನಿಷೇಧ) ಕಾಯಿದೆ ಅದಕ್ಕೇ ಇರುವುದು. ಅಂಥ ಜಮೀನಿಗೆ ಮುಂಗಡ ಇಸಿದುಕೊಂಡಿದ್ದರೆ ಇವತ್ತೇ ವಾಪಸು ಕೊಡಿ.