ಎರಡನೇ ಮಹಾಯುದ್ಧದಲ್ಲಿ ಅಮೆರಿಕ ಜಲಾಂತರ್ಗಾಮಿಗಳ ವಿರುದ್ಧ ಹಾಯಿದೋಣಿಗಳನ್ನು ಯಾಕೆ ಇಳಿಸಿತು?

ಹೊಡೆದು ಮುಳುಗಿಸೋದಕ್ಕಿಂತ ಮುಖ್ಯವಾಗಿ ಕಣ್ಣಿಟ್ಟು ಕಾಯೋದಕ್ಕೆ. 1942ರಲ್ಲಿ ಜರ್ಮನಿಯ ಜಲಾಂತರ್ಗಾಮಿಗಳು ಅಮೆರಿಕದ ಪೂರ್ವ ಕರಾವಳಿಯಲ್ಲಿ ಸರಕು ಹಡಗುಗಳನ್ನು ಒಂದರ ಹಿಂದೆ ಒಂದು ಮುಳುಗಿಸುತ್ತಿದ್ದವು. ಕಾವಲಿಗೆ ಸಾಕಷ್ಟು ಯುದ್ಧನೌಕೆಗಳಿರಲಿಲ್ಲ. ಹಾಗಾಗಿ ಶ್ರೀಮಂತರು ಮೋಜಿಗೆ, ರೇಸಿಗೆ ಇಟ್ಟುಕೊಂಡಿದ್ದ ಯಾಟ್‌ಗಳನ್ನು ಕರಾವಳಿ ರಕ್ಷಣಾ ಪಡೆ ತೆಗೆದುಕೊಂಡಿತು. ಬೂದು ಬಣ್ಣ ಬಳಿದು, ರೇಡಿಯೋ, ಮೆಷಿನ್ ಗನ್ ಕೂರಿಸಿ ಕಳಿಸಿತು.

ಇಷ್ಟು ಚಿಕ್ಕ ದೋಣಿಯಿಂದ ಏನು ಪ್ರಯೋಜನ ಅನ್ನಿಸುತ್ತದೆ, ಅಲ್ವಾ? ಆಗಿನ ಜಲಾಂತರ್ಗಾಮಿ ನೀರಿನಡಿ ಓಡುತ್ತಿದ್ದದ್ದು ಬ್ಯಾಟರಿಯಲ್ಲಿ. ಚಾರ್ಜ್ ಮಾಡಿಕೊಳ್ಳಲು ಮೇಲೆ ಬಂದು ಡೀಸೆಲ್ ಎಂಜಿನ್ ಓಡಿಸಲೇಬೇಕಿತ್ತು. ಮೇಲಿದ್ದಾಗ ಯಾರಾದರೂ ನೋಡಿ ರೇಡಿಯೋದಲ್ಲಿ ತಿಳಿಸಿದರೆ ವಿಮಾನ ಬರುತ್ತದೆ. ಆ ಭಯಕ್ಕೆ ಅದು ಮುಳುಗಲೇಬೇಕು. ಮುಳುಗಿದರೆ ವೇಗ ಅರ್ಧಕ್ಕಿಂತ ಕಡಿಮೆ, ಹಡಗಿನ ಬೆನ್ನುಹತ್ತಲು ಆಗುವುದಿಲ್ಲ.

ಇಲ್ಲಿ ಹಾಯಿಯೇ ದೊಡ್ಡ ಅನುಕೂಲ. ಜಲಾಂತರ್ಗಾಮಿಯವರು ನೀರಿನಡಿ ಕಿವಿಗೊಟ್ಟು ಪ್ರೊಪೆಲ್ಲರ್ ಸದ್ದಿನಿಂದ ಹಡಗುಗಳನ್ನು ಪತ್ತೆ ಮಾಡುತ್ತಿದ್ದರು. ಗಾಳಿಯಲ್ಲಿ ಸಾಗುವ ದೋಣಿಗೆ ಆ ಸದ್ದೇ ಇಲ್ಲ. ಇಂಧನದ ಚಿಂತೆಯೂ ಇಲ್ಲದೆ ದಿನಗಟ್ಟಲೆ ಸಮುದ್ರದಲ್ಲೇ ಇರಬಹುದಿತ್ತು.

ಕೆಲಸ ಮಾತ್ರ ಸುಲಭದ್ದಲ್ಲ. 1942ರ ಡಿಸೆಂಬರ್‌ನಲ್ಲಿ ‘ಝೈಡಾ’ ಎಂಬ ದೋಣಿ ಅಟ್ಲಾಂಟಿಕ್ ಬಿರುಗಾಳಿಗೆ ಸಿಕ್ಕಿ ಸುಮಾರು ಮೂರು ವಾರ ದಿಕ್ಕುತಪ್ಪಿ ತೇಲಿತು. ಅದರಲ್ಲಿದ್ದ 9 ಜನರೂ ಬದುಕಿ ಬಂದರು. ಚಳಿಗಾಲದ ಆ ಸಮುದ್ರದಲ್ಲಿ ಅದು ನಿಜಕ್ಕೂ ದೊಡ್ಡ ಮಾತು.