ರೇಸಿಂಗ್ ವೀಲ್ ಪಿಸಿಗೆ ಕನೆಕ್ಟ್ ಆಗ್ತಿಲ್ಲ, ವಿಂಡೋಸ್ ಫಾರ್ಮ್ಯಾಟ್ ಮಾಡ್ಲಾ? ಬ್ಯಾಡ್ರೀ

ಫಾರ್ಮ್ಯಾಟ್ ಮಾಡಬೇಡಿ. ಉಳಿದ ಮಾತು ಆಮೇಲೆ.

ಸೆಕೆಂಡ್ ಹ್ಯಾಂಡ್ ವೀಲು, ಅಂದ್ರೆ ಪಿಸಿಯಲ್ಲಿ ಗಾಡಿ ಗೇಮ್ ಆಡೋ ಸ್ಟೇರಿಂಗು, ಯುಎಸ್‌ಬಿ ಹಾಕಿದರೆ ಟಿಂಗ್ ಅಂತ ಸದ್ದು ಬಂದು ಸ್ವಲ್ಪ ಹೊತ್ತಿಗೆ ಹೋಗುತ್ತೆ, ಮತ್ತೆ ಬರುತ್ತೆ, ಮತ್ತೆ ಹೋಗುತ್ತೆ. ಆದರೆ ವೀಲಿನ ದೀಪ ಹತ್ತಿದೆ, ಹಂಗಾಗಿ ವೀಲು ಸರಿ ಇದೆ, ವಿಂಡೋಸ್ ಹೊಸದಾಗಿ ಹಾಕ್ಲಾ ಇಲ್ಲ ಬೇರೆ ಡ್ರೈವರ್ (ವೀಲನ್ನ ವಿಂಡೋಸ್‌ಗೆ ಪರಿಚಯ ಮಾಡಿಸೋ ಸಾಫ್ಟ್‌ವೇರ್) ಹುಡುಕ್ಲಾ. ಇದೇ ಅಲ್ವಾ ನಿಮ್ಮ ಪ್ರಶ್ನೆ? ಅದರಲ್ಲಿ 'ಹಂಗಾಗಿ' ಅನ್ನೋ ಪದ ಇದೆಯಲ್ಲ, ನಾನೂ ಅಲ್ಲೇ ಜಾರಿ ಬಿದ್ದಿದ್ದು.

ನಮ್ಮದು ಕೊಪ್ಪಳ. ಅಪ್ಪ ಬಸ್ ಡ್ರೈವರ್. ಕೆಎಸ್‌ಆರ್‌ಟಿಸಿ ಇದ್ದಾಗ ಸೇರಿ, 2000ದಲ್ಲಿ ಅದು ನಮ್ಮ ಕಡೆಗೆ ಈಶಾನ್ಯ ಸಾರಿಗೆ ಆದ ಮೇಲೆ ಅದರಲ್ಲಿ ದುಡಿದು, 2021ರಲ್ಲಿ ಕಲ್ಯಾಣ ಕರ್ನಾಟಕ ಅಂತ ಹೆಸರು ಬದಲಾದ ಮರುವರ್ಷ ರಿಟೈರ್ ಆದರು. ಹೆಸರು ಮೂರು, ಸೀಟು ಒಂದೇ. ಹೆಚ್ಚಿನ ಕಾಲ ಓಡಿಸಿದ್ದು ಗಂಗಾವತಿ, ಸಿಂಧನೂರು, ಮಾನ್ವಿ ಮೇಲೆ ರಾಯಚೂರಿಗೆ. ರಿಟೈರ್ ಆದ ಮೇಲೆ ಸೋಫಾದಲ್ಲಿ ಕೂತು ಟಿವಿ ರಿಮೋಟನ್ನ ಗೇರ್ ಹಿಡಿದಂಗೆ ಹಿಡಿಯೋಕೆ ಶುರು ಮಾಡಿದರು. ಅವರಿಗೆ ಯೂರೋ ಟ್ರಕ್ ಸಿಮ್ಯುಲೇಟರ್ 2 ಅನ್ನೋ ಲಾರಿ ಓಡಿಸೋ ಗೇಮ್ ಆಡಿಸೋಣ ಅಂತ ವೀಲ್ ತಗೋತೀನಿ ಅಂತ ಮನೆಯಲ್ಲಿ ಹೇಳಿದೆ. ನಿಜ ಹೇಳಬೇಕಂದ್ರೆ ನನಗೇ ಬೇಕಿತ್ತು.

ಬಳ್ಳಾರಿಯಲ್ಲಿ ಇಂಜಿನಿಯರಿಂಗ್ ಓದೋ ಹುಡುಗನೊಬ್ಬ ಮಾರುತ್ತಿದ್ದ. ಒಳಗೆ ಮೋಟರ್ ಇರೋ, ಕೈಗೆ ಎದುರು ಒತ್ತೋ ಅಂಥ ಒಳ್ಳೇ ವೀಲು. ಕಂಪನಿ ಹೆಸರು ಬರೆಯಲ್ಲ, ತಪ್ಪು ಕಂಪನಿದಲ್ಲ, ನಂದು. ಅಡಾಪ್ಟರ್ ಎಲ್ಲಪ್ಪಾ ಅಂದ್ರೆ, "ರೂಮ್ ಚೇಂಜ್ ಮಾಡುವಾಗ ಕಳದೋತಣ್ಣ. ಪಿನ್ ಕೂಡೋದು ಯಾವುದಾದ್ರೂ ನಡಿತೈತಿ" ಅಂದ. ಸಾವಿರ ರೂಪಾಯಿ ಕಡಿಮೆ ಮಾಡಿದ. ನಾನು ಖುಷಿಯಾಗಿ ವೀಲನ್ನ ತೊಡೆ ಮೇಲೆ ಇಟ್ಕೊಂಡು ಬಸ್ಸಲ್ಲಿ ವಾಪಸ್ ಬಂದೆ. ಕಂಡಕ್ಟರ್ ನೋಡಿ, "ಇನ್ನೊಂದು ಸ್ಟೇರಿಂಗ್ ಯಾಕ್ರೀ, ಮುಂದೊಂದು ಐತಲ್ಲ" ಅಂತ ನಕ್ಕರು.

ಮನೆಯಲ್ಲಿ ಹಳೇ ಸೆಟ್ ಟಾಪ್ ಬಾಕ್ಸಿನ ಅಡಾಪ್ಟರ್ ಇತ್ತು. ಪಿನ್ ಹಾಕಿದೆ, ಸರಿಯಾಗಿ ಕೂತಿತು. ದೀಪ ಹತ್ತಿತು. ಯುಎಸ್‌ಬಿ ಹಾಕಿದೆ. ಟಿಂಗ್. ವೀಲು ಎಡಕ್ಕೆ ಒಂದು ಇಂಚು ಅಲ್ಲಾಡಿ ನಿಂತಿತು. ಟುಂಗ್. ಐದು ಸೆಕೆಂಡ್ ಬಿಟ್ಟು ಮತ್ತೆ ಟಿಂಗ್, ಮತ್ತೆ ಒಂದು ಇಂಚು, ಮತ್ತೆ ಟುಂಗ್. ಪಿಸಿಗೆ ಏನೇನು ಹಾಕಿದೆ ಅಂತ ವಿಂಡೋಸ್ ತೋರಿಸೋ ಡಿವೈಸ್ ಮ್ಯಾನೇಜರ್ ತೆಗೆದು ಕೂತರೆ ಪಟ್ಟಿ ಕಣ್ಣು ಮಿಟುಕಿಸಿದಂಗೆ ಬಂದು ಹೋಗಿ ಮಾಡುತ್ತಿತ್ತು. ಒಮ್ಮೊಮ್ಮೆ ವೀಲಿನ ಹೆಸರು, ಒಮ್ಮೊಮ್ಮೆ ಅನ್‌ನೋನ್ ಯುಎಸ್‌ಬಿ ಡಿವೈಸ್ ಅಂತ ಹಳದಿ ತ್ರಿಕೋನ. ನಾನು ಏನಂದುಕೊಂಡೆ? ವೀಲು ಬಂದಿದೆ, ಕಂಪ್ಯೂಟರ್ ಅದನ್ನ ಹಿಡಿದುಕೊಳ್ತಿಲ್ಲ, ಅಂದ್ರೆ ಕಂಪ್ಯೂಟರಿನ ತಪ್ಪು.

ಮೂರು ದಿನ ಡ್ರೈವರ್ ತೆಗೆಯೋದು, ಹಾಕೋದು. ಮುಂದಿನ ಪೋರ್ಟು, ಹಿಂದಿನ ಪೋರ್ಟು. ಪವರ್ ಆಪ್ಷನ್ಸ್‌ನಲ್ಲಿ ಯುಎಸ್‌ಬಿ ಸೆಲೆಕ್ಟಿವ್ ಸಸ್ಪೆಂಡ್ ಅಂತ ಇದೆ, ಕರೆಂಟ್ ಉಳಿಸೋಕೆ ಸುಮ್ಮನಿರೋ ಯುಎಸ್‌ಬಿಯನ್ನ ಮಲಗಿಸುತ್ತೆ, ಅದನ್ನೂ ಆಫ್ ಮಾಡಿದೆ. ನಾಲ್ಕನೇ ರಾತ್ರಿ ಒಂದು ಗಂಟೆಗೆ ಪೆನ್ ಡ್ರೈವ್‌ಗೆ ವಿಂಡೋಸ್ ಹಾಕಿಕೊಂಡು ಕೂತೆ.

ಇಲ್ಲಿ ಸ್ವಲ್ಪ ನಿಧಾನ ಓದಿ, ನೀವು ನಿಂತಿರೋದು ಇದೇ ಜಾಗದಲ್ಲಿ. ನಾನು ಹಾಕಿದ ವಿಂಡೋಸ್ ಸೆಟಪ್ ಎರಡು ದಾರಿ ತೋರಿಸಿತು, ಅಪ್‌ಗ್ರೇಡ್ ಮತ್ತು ಕಸ್ಟಮ್. ಕಸ್ಟಮ್ ಒತ್ತಿದರೆ ಡ್ರೈವ್‌ಗಳ ಪಟ್ಟಿ ಬಂತು. ಆ ಪಟ್ಟಿಯಲ್ಲಿ ಸಿ ಡ್ರೈವ್ ಆರಿಸಿ ಸುಮ್ಮನೆ ನೆಕ್ಸ್ಟ್ ಅಂದರೆ ಹಳೇ ಫೈಲೆಲ್ಲ ವಿಂಡೋಸ್ ಡಾಟ್ ಓಲ್ಡ್ ಅನ್ನೋ ಫೋಲ್ಡರಿನಲ್ಲಿ ಒಂದಷ್ಟು ದಿನ ಉಳಿಯುತ್ತೆ, ಎತ್ತಿಕೊಳ್ಳಬಹುದು. ನಾನು ನೆಕ್ಸ್ಟ್ ಅನ್ನಲಿಲ್ಲ. ಕೆಳಗಿದ್ದ ಫಾರ್ಮ್ಯಾಟ್ ಒತ್ತಿದೆ. ಸ್ವಚ್ಛ ಆಗ್ಲಿ ಅಂತ. ಸಾಮಾನೆಲ್ಲ ಡಿ ಡ್ರೈವಲ್ಲಿ ಇದೆ, ಸಿ ಹೋದರೆ ಏನು ಅಂತ ಧೈರ್ಯ. ಡೆಸ್ಕ್‌ಟಾಪ್ ಅನ್ನೋದು ಸಿ ಡ್ರೈವ್ ಒಳಗಿನ ಯೂಸರ್ಸ್ ಅನ್ನೋ ಫೋಲ್ಡರಿನ ಒಳಗೆ ಇರುತ್ತೆ ಅನ್ನೋದು ನನಗೆ ಗೊತ್ತಿರಲಿಲ್ಲ ಅಂತಲ್ಲ, ಗೊತ್ತಿತ್ತು. ರಾತ್ರಿ ಒಂದು ಗಂಟೆಗೆ ನೆನಪಾಗಲಿಲ್ಲ. ಡೆಸ್ಕ್‌ಟಾಪ್ ಕಣ್ಣೆದುರೇ ಇರುತ್ತಲ್ಲ, ಅದೂ ಒಂದು ಡ್ರೈವಿನ ಒಳಗಿದೆ ಅಂತ ಮನಸ್ಸಿಗೆ ಅನಿಸೋದೇ ಇಲ್ಲ.

ಹೊಸ ವಿಂಡೋಸ್ ಬಂತು. ನೀಲಿ ಪರದೆ, ಮೂಲೆಯಲ್ಲಿ ರೀಸೈಕಲ್ ಬಿನ್ ಒಂದೇ. ವೀಲ್ ಹಾಕಿದೆ. ಟಿಂಗ್, ಒಂದು ಇಂಚು, ಟುಂಗ್. ಅದನ್ನ ನೋಡ್ತಾ ಇದ್ದಾಗ ಆ ಖಾಲಿ ನೀಲಿಯಲ್ಲಿ 'ಅಪ್ಪ ಡಿಪೋ' ಅನ್ನೋ ಫೋಲ್ಡರ್ ಇರಬೇಕಿತ್ತು ಅಂತ ಹೊಳೆಯಿತು.

ಅಪ್ಪ ರಿಟೈರ್ ಆದ ದಿನದ ಫೋಟೋಗಳು. ಹಾರ ಹಾಕ್ಕೊಂಡು, ಶಾಲು ಹೊದ್ದುಕೊಂಡು, ಕೊನೇ ಸಲ ಅಂತ ತಮ್ಮ ಬಸ್ಸಿನ ಸೀಟಿನಲ್ಲಿ ಕೂತು ಸ್ಟೇರಿಂಗ್ ಮೇಲೆ ಎರಡೂ ಕೈ ಇಟ್ಟಿದ್ದು. ಮೊಬೈಲ್ ಮೆಮೊರಿ ತುಂಬಿತು ಅಂತ ನಾನೇ ಪಿಸಿಗೆ ಹಾಕಿ ಮೊಬೈಲಿಂದ ಅಳಿಸಿದ್ದೆ.

ಹುಬ್ಬಳ್ಳಿಗೆ ಒಯ್ದೆ, ಡೇಟಾ ರಿಕವರಿ ಮಾಡೋರ ಹತ್ತಿರ. ಅವರು ಎಸ್‌ಎಸ್‌ಡಿ (ತಿರುಗೋ ತಟ್ಟೆ ಇಲ್ಲದೆ ಚಿಪ್ಪಿನಲ್ಲೇ ಬರೆದಿಡೋ ಹೊಸ ಥರದ ಡಿಸ್ಕು) ಅಂತ ಕೇಳಿದ ಕೂಡಲೇ ತಲೆ ಅಲ್ಲಾಡಿಸಿದರು. ಹಳೇ ಹಾರ್ಡ್ ಡಿಸ್ಕಿನಲ್ಲಿ ಅಳಿಸಿದ ಫೈಲು ಅದರ ಮೇಲೆ ಬೇರೇದು ಬರೆಯೋ ತನಕ ಬಿದ್ದಿರುತ್ತೆ. ಎಸ್‌ಎಸ್‌ಡಿಯಲ್ಲಿ ಟ್ರಿಮ್ ಅನ್ನೋ ವ್ಯವಸ್ಥೆ ಇದೆ. ಈ ಜಾಗ ಇನ್ನು ಬೇಡ ಅಂತ ವಿಂಡೋಸ್ ಹೇಳುತ್ತೆ, ಡ್ರೈವ್ ಅದನ್ನ ಬಿಡುವಾದಾಗ ನಿಜವಾಗಿ ಅಳಿಸಿ ಹಾಕುತ್ತೆ. ವೇಗಕ್ಕೆ ಅದು ಒಳ್ಳೇದು, ನನ್ನಂಥವನಿಗೆ ಕೆಟ್ಟದ್ದು. ಆಮೇಲೆ ಅಕ್ಕನ ಮೊಬೈಲಲ್ಲಿ ಮೂರು ಸಿಕ್ಕವು, ವಾಟ್ಸಾಪ್ ಹಿಂಡಿ ಹಿಪ್ಪೆ ಮಾಡಿದ ಸೈಜಿನವು.

ಈಗ ವೀಲಿಗೆ ಬರ್ತೀನಿ. ಅದು ಸರಿ ಆಗಿದ್ದು ಕಂಪ್ಯೂಟರಿನವರಿಂದ ಅಲ್ಲ, ನೀರಿನವರಿಂದ. ನಮ್ಮ ಕಡೆ ಬೋರಿನ ನೀರಲ್ಲಿ ಫ್ಲೋರೈಡ್ ಕಾಟ, ಆರ್‌ಓ ಇಲ್ದೆ ನಡೆಯಲ್ಲ. ಒಂದು ದಿನ ಆರ್‌ಓ ಅಡಾಪ್ಟರ್ ಸುಟ್ಟಿತು. ರಿಪೇರಿಗೆ ಬಂದವರ ಹತ್ತಿರ ಹೊಸದು ಇರಲಿಲ್ಲ. ನಾನು ಜಾಣ, ವೀಲಿಗೆ ಹಾಕಿದ್ದ ಸೆಟ್ ಟಾಪ್ ಬಾಕ್ಸಿನ ಅಡಾಪ್ಟರ್ ಕಿತ್ತು ತಂದು, "ಸದ್ಯಕ್ಕ ಇದನ್ನ ಹಾಕ್ರಿ, ಪಿನ್ ಕೂಡತೈತಿ" ಅಂದೆ. ಅವರು ತಿರುಗಿಸಿ ಚೀಟಿ ನೋಡಿದರು.

"ಇದು 12 ವೋಲ್ಟಿಂದ್ರಿ. ಪಂಪ್ 24 ಕೇಳತೈತಿ. ಹಾಕಿದ್ರ ಗುಂಯ್ ಅಂತೈತಿ, ನೀರು ಎತ್ತಂಗಿಲ್ಲ. ಪಿನ್ ಕೂಡಿದ್ರ ಆತೇನ್ರಿ?"

ನಾನು ಅವರನ್ನ ಅಲ್ಲೇ ಬಿಟ್ಟು ಒಳಗೆ ಓಡಿ ವೀಲನ್ನ ಬೋರಲು ಹಾಕಿ ನೋಡಿದೆ. 24 ವೋಲ್ಟ್ ಅಂತ ಬರೆದಿತ್ತು. ಇಷ್ಟು ದಿನ ಅದರ ಮೇಲೆ ಕೈ ಇಟ್ಟುಕೊಂಡೇ ಕೂತಿದ್ದೆ.

ಹೊಲದಲ್ಲಿ ಪಂಪ್‌ಸೆಟ್ ಇರೋರಿಗೆ ಇದನ್ನ ಬಿಡಿಸಿ ಹೇಳಬೇಕಿಲ್ಲ. ವೋಲ್ಟೇಜ್ ಬಿದ್ದಾಗ ಶೆಡ್ಡಿನ ಬಲ್ಬು ಮಂಕಾಗಿ ಆದ್ರೂ ಉರಿಯುತ್ತೆ, ಮೋಟರ್ ಮಾತ್ರ ಏಳಲ್ಲ. ವೀಲೂ ಹಂಗೇ. ದೀಪ, ಯುಎಸ್‌ಬಿ ಚಿಪ್ಪು, ಇವಕ್ಕೆ ಬೇಕಾಗೋದು ಚಿಟಿಕೆಯಷ್ಟು ಕರೆಂಟು, ಕಡಿಮೆ ಕೊಟ್ಟರೂ ಎದ್ದು ಕೂರುತ್ತವೆ. ಕಂಪ್ಯೂಟರ್ ಅವನ್ನ ನೋಡಿ ಟಿಂಗ್ ಅನ್ನುತ್ತೆ. ಆಮೇಲೆ ಮೋಟರ್ ಇರೋ ವೀಲುಗಳು ತಮ್ಮ ನಡುಮಧ್ಯ ಎಲ್ಲಿ ಅಂತ ಕಂಡುಕೊಳ್ಳೋಕೆ ತಾವೇ ಎಡತುದಿಗೆ, ಬಲತುದಿಗೆ ತಿರುಗಿ ನೋಡುತ್ತವೆ. ಆ ತಿರುಗೋ ಹೊತ್ತಿಗೆ ಮೋಟರ್ ಜಗ್ಗುತ್ತೆ, ಬಡಪಾಯಿ ಅಡಾಪ್ಟರ್ ಕುಸಿಯುತ್ತೆ, ಚಿಪ್ಪು ಮಲಗುತ್ತೆ, ಕಂಪ್ಯೂಟರ್ ಟುಂಗ್ ಅನ್ನುತ್ತೆ. ಮೋಟರ್ ನಿಂತ ಮೇಲೆ ವೋಲ್ಟೇಜ್ ಏರಿ ಮತ್ತೆ ಟಿಂಗ್. ವಿಂಡೋಸ್ ಪಾಪ ಇದ್ದದ್ದನ್ನ ಇದ್ದಂಗೆ ಹೇಳ್ತಿತ್ತು.

ಅದಕ್ಕೇ ನಿಮ್ಮ ಪ್ರಶ್ನೆಯೇ ನನಗೆ ಒಪ್ಪಿಗೆ ಇಲ್ಲ. ವಿಂಡೋಸಾ ಡ್ರೈವರಾ ಅಂತ ಕೇಳ್ತಿದೀರಿ. ಎರಡೂ ಅಲ್ಲ. ಡ್ರೈವರ್ ಕೆಟ್ಟಿದ್ದರೆ ವೀಲು ಸಾಮಾನ್ಯವಾಗಿ ಬಂದು ಕೂತು ತಪ್ಪು ತಪ್ಪಾಗಿ ಕೆಲಸ ಮಾಡುತ್ತೆ. ಹಿಂಗೆ ಬಂದು ಹೋಗಿ ಮಾಡೋದು ಹೆಚ್ಚಾಗಿ ಕರೆಂಟಿನ ಇಲ್ಲಾ ವೈರಿನ ಲಕ್ಷಣ. ಅಡಾಪ್ಟರ್ ಚೀಟಿ, ವೀಲಿನ ತಳದ ಚೀಟಿ, ಎರಡನ್ನೂ ಪಕ್ಕ ಪಕ್ಕ ಇಟ್ಟು ಓದಿ. ವೋಲ್ಟ್ ಎರಡರಲ್ಲೂ ಒಂದೇ ಇರಬೇಕು, ಹೆಚ್ಚೂ ಅಲ್ಲ ಕಡಿಮೆನೂ ಅಲ್ಲ. ಆಂಪಿಯರ್ ಅಡಾಪ್ಟರಿನದು ವೀಲು ಕೇಳಿದಷ್ಟು ಅಥವಾ ಜಾಸ್ತಿ ಇರಬಹುದು, ಕಡಿಮೆ ಇರಬಾರದು. ಚೀಟಿಯಲ್ಲಿ ಒಂದು ಸಣ್ಣ ಚಿತ್ರ ಇರುತ್ತೆ, ನಡುವೆ ಚುಕ್ಕೆ, ಸುತ್ತ ಅರ್ಧ ವೃತ್ತ, ಆಚೆ ಈಚೆ ಪ್ಲಸ್ ಮೈನಸ್. ಅದೂ ಹೊಂದಬೇಕು, ಉಲ್ಟಾ ಆದರೆ ಬೋರ್ಡೇ ಹೋಗಬಹುದು. ನಾನು ಕಡಿಮೆ ವೋಲ್ಟ್ ಕೊಟ್ಟಿದ್ದಕ್ಕೆ ವೀಲು ಬದುಕಿತು. ಹೆಚ್ಚು ಕೊಟ್ಟಿದ್ದರೆ ಈ ಉತ್ತರ ಇನ್ನೂ ಉದ್ದ ಆಗ್ತಿತ್ತು. ನಿಮ್ಮ ವೀಲು ಲಾಜಿಟೆಕ್ ಜಿ29 ಆದರೆ ಅದಕ್ಕೂ 24 ವೋಲ್ಟೇ. ಹಂಗಂತ ಮನೆಯ ಆರ್‌ಓ ಅಡಾಪ್ಟರ್ ಕಿತ್ತು ಹಾಕಬೇಡಿ. ನನಗೂ ಆಸೆ ಆಗಿತ್ತು, ಹಾಕಲಿಲ್ಲ. ವೀಲಿಗೆ ಅಂತಲೇ ಇರೋದನ್ನ ತರಿಸಿದೆ, ಹುಡುಗ ಬಿಟ್ಟುಕೊಟ್ಟ ಸಾವಿರ ಅದಕ್ಕೇ ಹೋಯಿತು.

ಅಡಾಪ್ಟರ್ ಸರಿ ಇದ್ದೂ ಹಿಂಗೇ ಆದರೆ ಹಬ್, ಎಕ್ಸ್‌ಟೆನ್ಷನ್ ಎಲ್ಲ ಕಿತ್ತು ಕ್ಯಾಬಿನೆಟ್ ಹಿಂದೆ ಮದರ್‌ಬೋರ್ಡಿನ ಪೋರ್ಟಿಗೇ ನೇರ ಹಾಕಿ. ಇನ್ನೊಂದು ಮನೆಯ ಕಂಪ್ಯೂಟರಿಗೆ ಹಾಕಿ ನೋಡಿ, ಹತ್ತು ನಿಮಿಷದ ಕೆಲಸ. ನಾನು ಇದನ್ನ ಮೊದಲೇ ಮಾಡಿದ್ದರೆ ಅಲ್ಲೂ ಟಿಂಗ್ ಟುಂಗ್ ಅಂತಿತ್ತು, ನನ್ನ ವಿಂಡೋಸ್ ನಿರಪರಾಧಿ ಅಂತ ಅವತ್ತೇ ತಿಳೀತಿತ್ತು. ಪಕ್ಕದ ಮನೆಯಲ್ಲೇ ಪಿಸಿ ಇತ್ತು, ಕೇಳೋಕೆ ಸಂಕೋಚ.

ಪ್ಲೇಸ್ಟೇಷನ್ನಿಗೂ ನಡೆಯೋ ವೀಲಾದರೆ ಅದರ ಮೇಲೆ ಪಿಎಸ್3, ಪಿಎಸ್4 ಅಂತ ಸಣ್ಣ ಸ್ವಿಚ್ ಇರಬಹುದು. ಥ್ರಸ್ಟ್‌ಮಾಸ್ಟರ್ ಟಿ150 ಅನ್ನೋ ವೀಲಲ್ಲಿ ಪಿಸಿಗೆ ಹಾಕುವಾಗ ಅದು ಪಿಎಸ್3 ಕಡೆ ಇರಬೇಕು. ಡ್ರೈವರನ್ನ ಕಂಪನಿ ಸೈಟಿಂದಲೇ ಇಳಿಸಿ. ಎಲ್ಲ ಡ್ರೈವರ್ ನಾನೇ ಹುಡುಕಿ ಹಾಕ್ತೀನಿ ಅನ್ನೋ ಸಾಫ್ಟ್‌ವೇರ್‌ಗಳನ್ನ ನಾನಂತೂ ಹತ್ತಿರ ಬಿಟ್ಟುಕೊಳ್ಳಲ್ಲ.

ವೀಲು ನಿಂತು ಕೂತ ಮೇಲೆ ವಿಂಡೋಸ್ ಕೀ ಜೊತೆ ಆರ್ ಒತ್ತಿ, ಜಾಯ್ ಡಾಟ್ ಸಿಪಿಎಲ್ (joy.cpl) ಅಂತ ಟೈಪ್ ಮಾಡಿ ಎಂಟರ್ ಒತ್ತಿ. ಗೇಮ್ ಕಂಟ್ರೋಲರ್‌ಗಳ ಪಟ್ಟಿ ಬರುತ್ತೆ, ಪ್ರಾಪರ್ಟೀಸ್‌ಗೆ ಹೋಗಿ ತಿರುಗಿಸಿ ನೋಡಿ. ಅಲ್ಲಿ ಅಲ್ಲಾಡಿ ಗೇಮಿನಲ್ಲಿ ಅಲ್ಲಾಡದಿದ್ದರೆ ತೊಂದರೆ ಗೇಮಿನದು, ಗೇಮನ್ನ ಸ್ಟೀಮ್ ಅನ್ನೋ ಆ್ಯಪ್‌ನಿಂದ ಆಡ್ತಿದ್ದರೆ ಬಹಳ ಸಲ ಅದರ ಸೆಟ್ಟಿಂಗ್‌ನಲ್ಲಿ ಸ್ಟೀಮ್ ಇನ್‌ಪುಟ್ ಆಫ್ ಮಾಡಿದರೆ ಮುಗಿಯುತ್ತೆ.

ನಮ್ಮನೆಯಲ್ಲಿ ಹೊಸ ಅಡಾಪ್ಟರ್ ಹಾಕಿದ ದಿನ ವೀಲು ಗರ್ರನೆ ಎಡಕ್ಕೆ, ಬಲಕ್ಕೆ ಪೂರ್ತಿ ತಿರುಗಿ ನಡುವೆ ಬಂದು ನಿಂತಿತು. ಅಪ್ಪ ಬಾಗಿಲಲ್ಲಿ ನಿಂತಿದ್ದರು. "ಯಾರಲೇ ಅದನ್ನ ತಿರುಗಸಾಕತ್ತಾರ?" ಅಂತ ಒಳಗೆ ಬಂದರು. ಗೇಮಿನಲ್ಲಿ ಜರ್ಮನಿಯಲ್ಲಿ ಬಿಟ್ಟರೆ ಎಡಗಡೆ ಹೋಗಿ ಎಲ್ಲರಿಗೂ ಎದುರಾದರು, "ಎಲ್ಲಾರೂ ರಾಂಗ್ ಸೈಡ್ ಬರಾಕತ್ಯಾರ" ಅಂತ ಬೈದರು. ಆಮೇಲೆ ಬ್ರಿಟನ್ನಿಗೆ ಕಳಿಸಿದೆ, ಅಲ್ಲಿ ನಮ್ಮಂಗೇ ಎಡಗಡೆ. ಈಗಲೂ ಅಲ್ಲೇ ಇದ್ದಾರೆ. ಕ್ಲಚ್ ಹಗುರ ಆಯ್ತು ಅನ್ನೋದೊಂದೇ ತಕರಾರು.

ಫೋಟೋ ವಿಷಯ ಎರಡು ತಿಂಗಳು ಹೇಳಿರಲಿಲ್ಲ. ಅವರೇ ಒಂದಿನ, "ಆ ಸೀಟಿನ್ಯಾಗ ಕುಂತಿದ್ದು ಒಂದು ದೊಡ್ಡದು ಮಾಡಿಸೋಣು" ಅಂದರು. ಆಗ ಹೇಳಿದೆ. ಅಕ್ಕನ ಮೂರರಲ್ಲಿ ಅದು ಒಂದಿತ್ತು, ಪುಣ್ಯ. ಫ್ರೇಮ್ ಹಾಕಿಸಿದ್ದೀವಿ. ದೂರದಿಂದ ಚೆನ್ನಾಗಿ ಕಾಣುತ್ತೆ, ಹತ್ತಿರ ಹೋದರೆ ಮುಖ ಚೌಕ ಚೌಕ.

ಈಗ ಪೆನ್ ಡ್ರೈವ್ ಪಕ್ಕಕ್ಕಿಡಿ. ನಿಮ್ಮ ಅಡಾಪ್ಟರ್ ಚೀಟಿದು ಒಂದು, ವೀಲಿನ ತಳದ್ದು ಒಂದು ಫೋಟೋ ತೆಗೆದು ಇದರ ಕೆಳಗೆ ಹಾಕಿ. ಅಕ್ಷರ ಓದೋಕೆ ಬರೋ ಹಂಗೆ ಬೆಳಕಲ್ಲಿ ತೆಗೀರಿ, ನೋಡಿ ಹೇಳ್ತೀನಿ.