ಪುಣೆಗೆ ಬರುತ್ತಿರುವ ಹರಿಹರದ ಮೇಷ್ಟ್ರಿಗೆ

ನಿಮ್ಮ ಪತ್ರ ಓದಿದೆ. ಪಿಎಚ್‌ಡಿ ಮುಗಿದಿದೆ, ಪುಣೆಯ ಇಂಜಿನಿಯರಿಂಗ್ ಕಾಲೇಜೊಂದರಲ್ಲಿ ರೋಬೋಟಿಕ್ಸ್ ಕಲಿಸುವ ಕೆಲಸ ಸಿಕ್ಕಿದೆ. ತುಂಬಾ ಸಂತೋಷ. ಮನೆ, ಸಂಬಳ, ಪ್ರಮೋಷನ್, ಊಟ ಎಲ್ಲಾ ಕೇಳಿದ್ದೀರಿ. ಕೊನೆಯಲ್ಲಿ ಒಂದು ಸಾಲು: 'ಪಾಠ ಇಂಗ್ಲಿಷಿನಲ್ಲೇ ಅಲ್ವಾ ಸರ್, ಮರಾಠಿ ಕಲಿಯಲೇಬೇಕಾ?' ಆ ಸಾಲು ಓದಿದ ಮೇಲೆ ಸುಮ್ನೆ ಕೂರಲು ಆಗಲಿಲ್ಲ.

ಮೊದಲು ಉಳಿದವನ್ನು ಹೇಳಿಬಿಡುತ್ತೇನೆ. ಮನೆ ಕಾಲೇಜಿನ ಹತ್ತಿರವೇ ನೋಡಿ, ಇಲ್ಲಿನ ಟ್ರಾಫಿಕ್ ಜೀವ ತಿನ್ನುತ್ತದೆ. ಕರಾರು 11 ತಿಂಗಳದ್ದು, ರಿಜಿಸ್ಟರ್ ಮಾಡಿಸಿ. ಊಟಕ್ಕೆ ಚಿಂತೆ ಬೇಡ, ಉಡುಪಿ ಹೋಟೆಲ್ ಎಲ್ಲೆಡೆ ಇವೆ, ಸೋನಾ ಮಸೂರಿಯೂ ಸಿಗುತ್ತದೆ. ನೇಮಕಾತಿ ಆರ್ಡರ್‌ನಲ್ಲಿ ಬೇಸಿಕ್, ಅಂದರೆ ಮೂಲ ವೇತನ, 57,700 ಅಂತ ಇದೆಯಾ ನೋಡಿ. ಇದ್ದರೆ ಏಳನೇ ವೇತನ ಆಯೋಗದ ಲೆಕ್ಕ. ಎಲ್ಲಾ ಸೇರಿಸಿ ಒಂದೇ ಮೊತ್ತ ಬರೆದಿದ್ದರೆ ಸೇರುವ ಮೊದಲೇ ಕೇಳಿ, ಆಮೇಲೆ ಕೇಳಿದರೆ ಪ್ರಯೋಜನವಿಲ್ಲ. ಪ್ರಮೋಷನ್‌ಗೆ ಸಂಶೋಧನಾ ಪೇಪರ್ ಬೇಕು. ಅದು ನಿಮಗೆ ಗೊತ್ತಿರುವುದೇ.

ಈಗ ಮರಾಠಿ ವಿಷಯ.

ನಾನು ದಾವಣಗೆರೆಯವನು. 1998ರ ಜುಲೈನಲ್ಲಿ ಸ್ವಾರ್‌ಗೇಟ್ ಬಸ್ ಸ್ಟ್ಯಾಂಡ್‌ನಲ್ಲಿ ಇಳಿದೆ. ಜೋರು ಮಳೆ. ಅಮ್ಮ ಕಟ್ಟಿಕೊಟ್ಟ ಮಂಡಕ್ಕಿ ಚೀಲ ಪೂರ್ತಿ ನೆನೆದು ಮೆತ್ತಗಾಗಿತ್ತು. ಬೆಳಗಾವಿ, ಧಾರವಾಡದ ಕಡೆಯವರಾಗಿದ್ದರೆ ಮರಾಠಿ ಕಿವಿಗೆ ಬಿದ್ದಿರುತ್ತಿತ್ತು. ನನಗೆ ಬರುತ್ತಿದ್ದದ್ದು ಒಂದೇ ಪದ, 'ಹೋ'. ಹೌದು ಅಂತ ಅರ್ಥ. ಯಾರು ಏನು ಹೇಳಿದರೂ 'ಹೋ ಹೋ' ಅನ್ನುತ್ತಿದ್ದೆ. ಗೊತ್ತಿಲ್ಲ ಅನ್ನಲು ನಾಚಿಕೆ.

ಆಗ ನಮ್ಮ ಲ್ಯಾಬಿನಲ್ಲಿದ್ದದ್ದು ಒಂದೇ ರೋಬೋಟ್. ಕಾರಿನ ಬಿಡಿಭಾಗ ಮಾಡುವ ಕಾರ್ಖಾನೆಯವರು ವೆಲ್ಡಿಂಗ್ ಲೈನ್‌ನಿಂದ ಬಿಚ್ಚಿ ಕೊಟ್ಟ ಹಳೆಯ ಆರು ಕೀಲಿನ ತೋಳು. ಕಂಟ್ರೋಲರ್ ಕೆಟ್ಟಿತ್ತು. ಅದನ್ನು ನೋಡಿಕೊಳ್ಳುತ್ತಿದ್ದವರು ಒಬ್ಬ ಟೆಕ್ನಿಷಿಯನ್, ಎಲ್ಲರೂ ಕಾಕಾ ಅನ್ನುತ್ತಿದ್ದರು. ಅವರು ಅರ ಹಿಡಿದು ಉಜ್ಜಿದರೆ ಬೇರಿಂಗ್ ಕೂರುವ ಜಾಗ ಕನ್ನಡಿಯಂತೆ ಬರುತ್ತಿತ್ತು.

ಇಂಥ ತೋಳಿಗೆ ಪ್ರತಿ ಕೀಲಿನಲ್ಲೂ ಬ್ರೇಕ್ ಇರುತ್ತದೆ ಅಲ್ವಾ. ಕರೆಂಟ್ ಇಲ್ಲದಾಗ ಸ್ಪ್ರಿಂಗ್ ಹಿಡಿದುಕೊಂಡಿರುತ್ತದೆ. ಬಟನ್ ಒತ್ತಿ ಬ್ರೇಕ್ ಬಿಟ್ಟರೆ ಹಿಡಿಯುವವರು ಯಾರೂ ಇಲ್ಲ. ಎರಡನೇ ಕೀಲು, ಅಂದರೆ ಭುಜ, ಮೇಲಿನ ಇಡೀ ತೋಳಿನ ಭಾರ ಹೊತ್ತಿರುತ್ತದೆ. ಇದನ್ನೆಲ್ಲ ಬೋರ್ಡಿನ ಮೇಲೆ ಲೆಕ್ಕ ಹಾಕಿ ತೋರಿಸುತ್ತಿದ್ದವನು ನಾನೇ.

ಒಂದು ಮಧ್ಯಾಹ್ನ ತೋಳನ್ನು ಕೈಯಿಂದ ಸರಿಸೋಣ ಅಂತ ಬ್ರೇಕ್ ಬಟನ್ ಹತ್ತಿರ ಹೋದೆ. ಒಬ್ಬ ಹುಡುಗ ಕೆಳಗೆ ಬಗ್ಗಿ ವೈರ್ ನೋಡುತ್ತಿದ್ದ. ಕಾಕಾ ಆ ಕಡೆಯಿಂದ ಕೂಗಿದರು: 'ಸರ್, ಹಾತ್ ಖಾಲಿ ಯೇಈಲ್!' ನನ್ನ ಕಿವಿಗೆ ಬಿದ್ದದ್ದು 'ಖಾಲಿ' ಮಾತ್ರ. ತೋಳಿನ ತುದಿಯಲ್ಲಿ ಏನೂ ಭಾರವಿಲ್ಲ, ಖಾಲಿ ಇದೆ ಅನ್ನುತ್ತಿದ್ದಾರೆ ಅಂದುಕೊಂಡೆ. 'ಹೋ ಹೋ' ಅಂದು ಒತ್ತಿಬಿಟ್ಟೆ.

ಮರಾಠಿಯಲ್ಲಿ ಖಾಲಿ ಅಂದರೆ ಕೆಳಗೆ. ತೋಳು ಕೆಳಗೆ ಬರುತ್ತೆ ಅಂತ ಅವರು ಕೂಗಿದ್ದು.

ಕಾಕಾ ಓಡಿ ಬಂದು ಹುಡುಗನನ್ನು ತಳ್ಳಿದರು. ಅವರ ಬಲಗೈ ಸಿಕ್ಕಿಕೊಂಡಿತು. ಮಣಿಕಟ್ಟಿನ ಮೂಳೆ ಮುರಿಯಿತು. ಪ್ಲಾಸ್ಟರ್ ಬಿಚ್ಚಿದ ಮೇಲೂ ಎರಡು ಬೆರಳು ಪೂರ್ತಿ ಮಡಚಲಿಲ್ಲ. ಅರ ಹಿಡಿಯುವ ಕೈ ಅದು.

ಇಷ್ಟೇ ಆಗಿದ್ದರೆ ಅಪಘಾತ ಅನ್ನಬಹುದಿತ್ತು. ವರದಿ ಬರೆಯಬೇಕಾಗಿ ಬಂತು. 'ಯಂತ್ರ ಇದ್ದಕ್ಕಿದ್ದಂತೆ ಕೆಳಗೆ ಬಂತು' ಅಂತ ಬರೆದೆ. ನಾನು ಬಟನ್ ಒತ್ತಿದೆ ಅಂತ ಬರೆಯಲಿಲ್ಲ. ಪ್ರೊಬೇಷನ್ ಇತ್ತು, ಊರಲ್ಲಿ ತಂಗಿಯ ಮದುವೆ ಸಾಲ ಇತ್ತು. ಕಾಕಾ ಎಡಗೈಯಲ್ಲಿ ಸಹಿ ಹಾಕಿದರು. ಆಮೇಲೆ ತೋಳಿಗೆ ಆಸರೆ ಕೊಟ್ಟಿರಲಿಲ್ಲ ಅಂತ ಮೆಮೋ ಬಂದದ್ದು ಅವರಿಗೆ. ಆಗಲೂ ನಾನು ಬಾಯಿ ಬಿಡಲಿಲ್ಲ.

ಮಾರನೇ ತಿಂಗಳಿನಿಂದ ಮರಾಠಿ ಕಲಿತೆ. ಅಂಗಡಿಯಲ್ಲಿ, ರಿಕ್ಷಾದಲ್ಲಿ, ಹೆಚ್ಚಾಗಿ ಕಾಕಾ ಹತ್ತಿರವೇ. ಅವರು ಬೇಸರವಿಲ್ಲದೆ ಹೇಳಿಕೊಟ್ಟರು. ನಾನು ವಿಭಾಗದ ಹೆಡ್ ಆಗಿ, ಆ ಮೆಮೋ ತೆಗೆಸಿ ಅಂತ ಕೇಳುವ ಸ್ಥಾನಕ್ಕೆ ಬರುವ ಹೊತ್ತಿಗೆ ಅವರು ರಿಟೈರ್ ಆಗಿದ್ದರು. ಸಾಸವಡದ ಅವರ ಮನೆಗೆ ಹೋಗಿ ಎಲ್ಲವನ್ನೂ ಮರಾಠಿಯಲ್ಲೇ ಹೇಳಿದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದರು. 'ಆ ಹುಡುಗ ಈಗ ಎಲ್ಲಿದ್ದಾನೆ?' ಅಂತ ಕೇಳಿದರು. ಚಾಕಣದಲ್ಲಿ ಕಾರ್ಖಾನೆಯಲ್ಲಿದ್ದಾನೆ ಅಂದೆ. ಚಹಾ ತರಿಸಿದರು. ಕಪ್ಪನ್ನು ಎಡಗೈಯಲ್ಲೇ ಹಿಡಿದಿದ್ದರು.

ಹಾಗಾಗಿ ಕಲಿಯಿರಿ. ಬಂದ ಮೊದಲ ವಾರವೇ ಮೇಲೆ, ಕೆಳಗೆ, ನಿಲ್ಲಿಸು, ಬಿಡು, ಹಿಡಿ: ವರ್, ಖಾಲಿ, ಥಾಂಬ್, ಸೋಡ್, ಧರ್. ಇಷ್ಟನ್ನಾದರೂ ಕಲಿತೇ ಲ್ಯಾಬಿಗೆ ಕಾಲಿಡಿ. ಅರ್ಥವಾಗದಿದ್ದರೆ 'ಸಮಜ್ಲ ನಾಹೀ' ಅನ್ನಿ. ಯಾರೂ ನಗುವುದಿಲ್ಲ. ಬ್ರೇಕ್ ಬಿಡುವ ಮೊದಲು ತೋಳಿಗೆ ಬೆಲ್ಟ್ ಕಟ್ಟಿ ಕ್ರೇನಿಗೆ ನೇತುಹಾಕಿ.

ಭಾಷೆ ಬಂದರೆ ಈ ಊರು ಎಷ್ಟು ಕೊಡುತ್ತದೆ ಗೊತ್ತಾ! ಮೋಟಾರು, ಸೆನ್ಸರು ಬೇಕಾದರೆ ಬುಧವಾರ ಪೇಠೆಯ ತಪಕೀರ್ ಗಲ್ಲಿ. ಗೇರ್, ಶಾಫ್ಟ್ ಮಾಡಿಸಲು ಭೋಸರಿಯ ಲೇತ್ ಶಾಪ್‌ಗಳು. ಅಲ್ಲಿನ ಟರ್ನರ್ ನಿಮ್ಮ ಡ್ರಾಯಿಂಗ್ ನೋಡಿ ಇದು ಕೂರಲ್ಲ ಅಂದರೆ ನಂಬಿ. 2008ರಲ್ಲಿ ಏಷ್ಯಾ-ಪೆಸಿಫಿಕ್ ದೇಶಗಳ ವಿದ್ಯಾರ್ಥಿಗಳ ರೋಬೋಟ್ ಸ್ಪರ್ಧೆ ರೋಬೋಕಾನ್ ಪುಣೆಯಲ್ಲೇ ಆಯಿತು. ಆಟದ ವಿಷಯ ಇಲ್ಲಿನ ದಹಿ ಹಂಡಿ, ಅಂದರೆ ನಮ್ಮ ಮೊಸರು ಕುಡಿಕೆ, ಬೆಣ್ಣೆ ಕದಿಯುವ ಗೋವಿಂದ! ನನ್ನ ಹುಡುಗರು ರೋಬೋಕಾನ್‌ಗೆ ತಯಾರಾಗುವಾಗ ವಾರಗಟ್ಟಲೆ ವರ್ಕ್‌ಶಾಪಿನಲ್ಲೇ ಮಲಗುತ್ತಾರೆ, ನಾನೂ ಜೊತೆಗಿರುತ್ತೇನೆ. ಆ ರಾತ್ರಿಗಳಿಗಾಗಿಯೇ ಈ ಕೆಲಸ ಬಿಡಲು ಮನಸ್ಸಾಗಿಲ್ಲ.

ಊರ ನೆನಪು ಕಾಡುತ್ತದೆ, ಸುಳ್ಳು ಹೇಳಲಾರೆ. ಆದರೆ ನಮ್ಮ ದಾವಣಗೆರೆ, ಹರಿಹರದ ಪಕ್ಕ ಹಾದುಹೋಗುವ ಹೈವೇಯೇ ಹುಬ್ಬಳ್ಳಿ, ಬೆಳಗಾವಿ, ಕೊಲ್ಹಾಪುರ ದಾಟಿ ಇಲ್ಲಿಗೆ ಬರುತ್ತದೆ. ರಾತ್ರಿ ಬಸ್ ಹತ್ತಿದರೆ ಬೆಳಗ್ಗೆ ಪುಣೆ. ಬರುವ ದಿನ ತಿಳಿಸಿ, ಬಸ್ ಹತ್ತಿರ ನಾನೇ ಬರುತ್ತೇನೆ. ಒಂದು ಸೇರು ಮಂಡಕ್ಕಿ ತನ್ನಿ. ಪ್ಲಾಸ್ಟಿಕ್ ಕವರಿನಲ್ಲಿ ಬಿಗಿಯಾಗಿ ಕಟ್ಟಿಸಿ, ಇಲ್ಲಿ ಮಳೆ ಶುರುವಾಗಿದೆ.